ಮಾತಿಲ್ಲದೆ ಓಡಿದ ಮಣ್ಣಿನ ಬಂಡಿ

ಸುಗ್ಗಿ ಮುಗಿಯಿತೆಂದರೆ ಹಾರನಹಳ್ಳಿಯ ಕಡೆ ನಾಟಕದ ಕಾಲ. ಪಿರಿಯಾಪಟ್ಟಣ ತಾಲ್ಲೂಕಿನ ಈ ಹೋಬಳಿಯಲ್ಲಾಗಲಿ, ಪಕ್ಕದ ರಾವಂದೂರು, ಬೆಟ್ಟದಪುರದಲ್ಲಾಗಲಿ, ಆಚೆಯ ಹುಣಸೂರು, ಕೆ.ಆರ್. ನಗರದ ಹಳ್ಳಿಗಳಲ್ಲಾಗಲಿ, ದೇವಸ್ಥಾನದ ಮುಂದೆ ಸ್ಟೇಜು ಏಳುತ್ತದೆ. ಬಾಡಿಗೆಯ ಸೀನುಗಳು ಲಾರಿಯಿಂದ ಇಳಿಯುತ್ತವೆ. ಹೊಗೆಸೊಪ್ಪು, ರಾಗಿ, ಜೋಳ ಬೆಳೆಯುವ ಕೈಗಳೇ ರಾತ್ರಿ ಹತ್ತರ ಹೊತ್ತಿಗೆ ಗದೆ ಹಿಡಿಯುತ್ತವೆ. ಹಾರ್ಮೋನಿಯಂ ಮೇಷ್ಟ್ರು ಶ್ರುತಿ ಕೊಟ್ಟರೆ ‘ಕುರುಕ್ಷೇತ್ರ’ ಶುರು.

ನಡುರಾತ್ರಿಯಲ್ಲಿ ಒಮ್ಮೊಮ್ಮೆ ಮೈಕು ಕೈಕೊಡುತ್ತದೆ. ಮುಂದಿನ ಸಾಲಿನವರಿಗೆ ಕಂದಪದ್ಯ ಕೇಳಿಸುತ್ತದೆ; ಹಿಂದೆ ಚಾಪೆ ಹಾಸಿ ಕೂತವರಿಗೆ ಏನೂ ಕೇಳಿಸದು. ಆದರೂ ಅವರು ಎದ್ದು ಹೋಗುವುದಿಲ್ಲ. ಕರ್ಣನ ತಗ್ಗಿದ ಹೆಗಲು, ಕುಂತಿಯ ಸೆರಗು, ದುರ್ಯೋಧನ ತೊಡೆ ತಟ್ಟುವ ರೀತಿ ನೋಡಿಕೊಂಡೇ ಕಥೆ ಎಲ್ಲಿಗೆ ಬಂತೆಂದು ಪಕ್ಕದವರಿಗೆ ಹೇಳುತ್ತಾರೆ. ಮಾತು ನಿಂತರೂ ನಾಟಕ ನಿಲ್ಲುವುದಿಲ್ಲ.

ಈ ಒಂದು ಗುಣವನ್ನೇ ನಂಬಿ ಸುಮಾರು ತೊಂಬತ್ತೈದು ವರ್ಷಗಳ ಹಿಂದೆ ಒಂದು ಸಿನಿಮಾ ಹುಟ್ಟಿತು. ಹೆಸರು ‘ವಸಂತಸೇನಾ’. ‘ಮೃಚ್ಛಕಟಿಕ’ ಎಂಬ ಹೆಸರಿನಿಂದಲೂ ಅದನ್ನು ಕರೆಯುತ್ತಾರೆ. 1931ರ ಮೂಕಿ ಚಿತ್ರ. ಶೂದ್ರಕನ ಸಂಸ್ಕೃತ ನಾಟಕ ಅದರ ಮೂಲ. ಕನ್ನಡ ಚಿತ್ರರಂಗದ ಚರಿತ್ರೆ ಹೇಳುವವರು ಅದನ್ನು ನಮ್ಮ ಮೊದಲ ಮೂಕಿ ಚಿತ್ರಗಳ ಸಾಲಿನಲ್ಲಿ ನೆನೆಯುತ್ತಾರೆ. ಬಹುಪಾಲು ಓದುಗರಿಗೆ ಕನ್ನಡದ ಮೊದಲ ಮಾತಿನ ಚಿತ್ರ ‘ಸತಿ ಸುಲೋಚನಾ’ ಗೊತ್ತು. ಅದಕ್ಕಿಂತ ಮೂರು ವರ್ಷ ಹಿಂದಿನ ಈ ಚಿತ್ರದ ಹೆಸರು ಮಾತ್ರ ಅಲ್ಲಲ್ಲಿ ಕೇಳಿದ ನೆನಪು. ಅದನ್ನು ಸ್ವಲ್ಪ ಹತ್ತಿರದಿಂದ ನೋಡೋಣ.

ಬಡವನ ಮನೆಯ ಕಥೆ

ಸಂಸ್ಕೃತದ ದೊಡ್ಡ ನಾಟಕಗಳಲ್ಲಿ ಹೆಚ್ಚಿನವು ಅರಮನೆಯವು, ಪುರಾಣದವು. ‘ಮೃಚ್ಛಕಟಿಕ’ ಬೀದಿಯದು. ಹತ್ತು ಅಂಕಗಳ ಈ ನಾಟಕ ನಡೆಯುವುದು ಉಜ್ಜಯಿನಿಯಲ್ಲಿ. ಜೂಜುಕೋರರು, ಕಳ್ಳ, ಗಾಡಿ ಹೊಡೆಯುವವರು, ಕಾವಲುಗಾರರು, ಮೈ ಒತ್ತುವ ಕೆಲಸ ಬಿಟ್ಟು ಬೌದ್ಧ ಭಿಕ್ಷುವಾದವನು, ಮರಣದಂಡನೆ ಜಾರಿ ಮಾಡುವ ಇಬ್ಬರು ಚಾಂಡಾಲರು, ಎಲ್ಲರಿಗೂ ಇಲ್ಲಿ ಹೆಸರಿದೆ, ಮಾತಿದೆ, ಮನಸ್ಸಿದೆ.

ಚಾರುದತ್ತ ಕೊಟ್ಟು ಕೊಟ್ಟು ಬಡವನಾದ ಬ್ರಾಹ್ಮಣ ವರ್ತಕ. ವಸಂತಸೇನೆ ಶ್ರೀಮಂತ ಗಣಿಕೆ. ಅವಳು ಅವನನ್ನು ಪ್ರೀತಿಸುತ್ತಾಳೆ. ರಾಜನ ಭಾವಮೈದುನ ಶಕಾರ ಅವಳ ಬೆನ್ನು ಹತ್ತಿದ್ದಾನೆ. ತಪ್ಪಿಸಿಕೊಂಡು ಬಂದ ಅವಳು ತನ್ನ ಒಡವೆಗಳನ್ನು ಚಾರುದತ್ತನ ಮನೆಯಲ್ಲಿ ಇಡುತ್ತಾಳೆ. ಅಲ್ಲಿಂದ ಆ ಒಡವೆಗಳು ಕೈಯಿಂದ ಕೈಗೆ ಹೋಗುತ್ತಾ ಕಥೆಯನ್ನು ಎಳೆದೊಯ್ಯುತ್ತವೆ.

ನಾಟಕಕ್ಕೆ ಹೆಸರು ಬಂದದ್ದು ಆರನೇ ಅಂಕದ ಒಂದು ಪುಟ್ಟ ಪ್ರಸಂಗದಿಂದ. ಚಾರುದತ್ತನ ಮಗ ರೋಹಸೇನ ಪಕ್ಕದ ಮನೆಯ ಹುಡುಗನ ಚಿನ್ನದ ಬಂಡಿ ಕಂಡು, ತನ್ನ ಮಣ್ಣಿನ ಬಂಡಿ ಬೇಡವೆಂದು ಅಳುತ್ತಾನೆ. ವಸಂತಸೇನೆ ಮೈಮೇಲಿನ ಒಡವೆ ಬಿಚ್ಚಿ ಮಣ್ಣಿನ ಬಂಡಿಯ ತುಂಬ ಹಾಕುತ್ತಾಳೆ, ಇದರಿಂದ ಚಿನ್ನದ ಬಂಡಿ ಮಾಡಿಸಿಕೋ ಎನ್ನುತ್ತಾಳೆ. ಮುಂದೆ ನ್ಯಾಯಸಭೆಯಲ್ಲಿ ಅವೇ ಒಡವೆಗಳು ಗೆಳೆಯ ಮೈತ್ರೇಯನ ಕೈಯಿಂದ ಕೆಳಗೆ ಬೀಳುತ್ತವೆ. ವಸಂತಸೇನೆಯನ್ನು ಕೊಂದದ್ದು ಚಾರುದತ್ತನೇ ಎಂಬ ಶಕಾರನ ಆರೋಪಕ್ಕೆ ಅವು ಸಾಕ್ಷಿಯಾಗುತ್ತವೆ. ಮಗುವಿಗೆ ಪ್ರೀತಿಯಿಂದ ಕೊಟ್ಟದ್ದು ತಂದೆಯ ಕುತ್ತಿಗೆಗೆ ಬರುತ್ತದೆ. ಕೊನೆಗೆ ವಧ್ಯಸ್ಥಾನಕ್ಕೆ ವಸಂತಸೇನೆ ಜೀವಂತವಾಗಿ ಬಂದು ನಿಂತಾಗ ಸತ್ಯ ಹೊರಬೀಳುತ್ತದೆ. ಆ ಹೊತ್ತಿಗೆ, ಸೆರೆಮನೆಯಿಂದ ತಪ್ಪಿಸಿಕೊಂಡಿದ್ದ ಆರ್ಯಕ ದುಷ್ಟ ರಾಜ ಪಾಲಕನನ್ನು ಇಳಿಸಿರುತ್ತಾನೆ. ಶಕಾರನಿಗೂ ಚಾರುದತ್ತ ಕ್ಷಮೆ ಕೊಡುತ್ತಾನೆ.

ಯಾರೆಲ್ಲ ಸೇರಿದರು

ಚಿತ್ರದ ನಿರ್ದೇಶಕ ಮೋಹನ್ ದಯಾರಾಮ್ ಭವನಾನಿ. ಊರು ಸಿಂಧ್‌ನ ಹೈದರಾಬಾದ್. ಮ್ಯಾಂಚೆಸ್ಟರ್‌ನಲ್ಲಿ ಓದಿ, ಜರ್ಮನಿಯಲ್ಲಿ ಸಿನಿಮಾ ಕೆಲಸ ಕಲಿತು ಮುಂಬೈಗೆ ಬಂದವರು. 1925ರ ‘ವೀರ್ ಬಾಲಾ’ದಲ್ಲಿ ಸುಲೋಚನಾ ಎಂದು ಹೆಸರಾದ ರೂಬಿ ಮೈಯರ್ಸ್ ಅವರನ್ನು ತೆರೆಗೆ ತಂದರು. 1927ರ ‘ವೈಲ್ಡ್‌ಕ್ಯಾಟ್ ಆಫ್ ಬಾಂಬೆ’ಯಲ್ಲಿ ಆಕೆಯಿಂದಲೇ ಎಂಟು ವೇಷ ಹಾಕಿಸಿದರು. ಮುಂದೆ 1934ರಲ್ಲಿ ಪ್ರೇಮಚಂದರ ಕಥೆಯಿಂದ ‘ಮಜ್ದೂರ್’ ಮಾಡಿದವರು, 1948ರಲ್ಲಿ ಫಿಲ್ಮ್ಸ್ ಡಿವಿಷನ್ನಿನ ಮೊದಲ ಮುಖ್ಯ ನಿರ್ಮಾಪಕರಾದವರು ಇವರೇ.

ವಸಂತಸೇನೆಯಾದವರು ಏನಾಕ್ಷಿ ರಾಮರಾವ್. ಅದಕ್ಕೂ ಮೊದಲು, 1928ರಲ್ಲಿ, ಹಿಮಾಂಶು ರಾಯ್ ಮತ್ತು ಫ್ರಾಂಜ್ ಓಸ್ಟೆನ್ ತಾಜಮಹಲಿನ ಕಥೆಯಾಗಿ ಮಾಡಿದ ‘ಶಿರಾಜ್’ನಲ್ಲಿ ಅವರು ನಟಿಸಿದ್ದರು. ಮುಂದೆ ಭವನಾನಿಯವರನ್ನು ಮದುವೆಯಾಗಿ, ಏನಾಕ್ಷಿ ಭವನಾನಿ ಎಂಬ ಹೆಸರಿನಲ್ಲಿ ಭಾರತದ ನೃತ್ಯಗಳ ಬಗ್ಗೆ ದೊಡ್ಡ ಗ್ರಂಥ ಬರೆದರು.

ಅವರ ಜೊತೆಗೆ ಇದ್ದವರು ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯ. 1926ರಲ್ಲಿ ಮದ್ರಾಸ್ ಶಾಸನಸಭೆಗೆ ಸ್ಪರ್ಧಿಸಿ ಅಲ್ಪ ಅಂತರದಲ್ಲಿ ಸೋತ ಧೀರೆ. 1930ರ ಉಪ್ಪಿನ ಸತ್ಯಾಗ್ರಹದಲ್ಲಿ ಮುಂಬೈಯ ಬೀದಿಗೆ ಇಳಿದವರು. ಕರಕುಶಲ ಕಲೆಗಳಿಗೆ ಸ್ವತಂತ್ರ ಭಾರತದಲ್ಲಿ ಬೆನ್ನೆಲುಬಾಗಿ ನಿಂತವರೆಂದು ಅವರನ್ನು ನಾವು ಬಲ್ಲೆವು. ಅವರು ಮೊದಲು ಕ್ಯಾಮೆರಾದ ಮುಂದೆ ನಿಂತದ್ದು ಮೂಕಿಯ ಈ ದಿನಗಳಲ್ಲಿ.

ಇನ್ನೊಂದು ಹೆಸರು ಟಿ.ಪಿ. ಕೈಲಾಸಂ. 1884ರಲ್ಲಿ ಮೈಸೂರಿನಲ್ಲಿ ಹುಟ್ಟಿ, ಲಂಡನ್ನಿನಲ್ಲಿ ಭೂವಿಜ್ಞಾನ ಓದಿ ಬಂದು, 1918ರಲ್ಲಿ ‘ಟೊಳ್ಳುಗಟ್ಟಿ’ಯಿಂದ ಕನ್ನಡ ರಂಗಭೂಮಿಗೆ ಮನೆಮಾತಿನ ರುಚಿ ಹತ್ತಿಸಿದವರು. ಮಾತಿನ ಮಲ್ಲ ಎನಿಸಿಕೊಂಡ ಕೈಲಾಸಂ ಮಾತೇ ಇಲ್ಲದ ಚಿತ್ರದಲ್ಲಿ ನಟಿಸಿದರು. ಆದರೆ ಅವರ ನಾಟಕಗಳನ್ನು ಆಡಿ ಬಲ್ಲವರಿಗೆ ಗೊತ್ತು, ಅಲ್ಲಿ ಮಾತಿನಷ್ಟೇ ಕೆಲಸ ಮಾಡುವುದು ತಡವರಿಕೆ, ನಿಲುಗಡೆ, ಹುಬ್ಬು, ಕೈ. ಬೆಂಗಳೂರಿನ ಹವ್ಯಾಸಿ ರಂಗಭೂಮಿಯಿಂದ ಸಿನಿಮಾಕ್ಕೆ ಹೋದ ಬಂಡವಾಳ ಅದು.

ಮಾತು ತೆಗೆದರೆ ಉಳಿಯುವುದೇನು?

ನಾಟಕವೆಂದರೆ ಮಾತು ಎಂದೇ ನಾವು ತಿಳಿದಿದ್ದೇವೆ. ಹಾಗಿದ್ದರೆ ನಾಟಕವನ್ನು ಮೂಕಿ ಚಿತ್ರ ಮಾಡುವುದು ಹೇಗೆ? ಈ ಪ್ರಶ್ನೆ ಆಗ ಜಗತ್ತಿನ ಎಲ್ಲೆಡೆಯೂ ಇತ್ತು. ಆಸ್ಕರ್ ವೈಲ್ಡ್‌ನ ‘ಲೇಡಿ ವಿಂಡರ್ಮಿಯರ್ಸ್ ಫ್ಯಾನ್’ ಚುರುಕು ಮಾತಿಗೆ ಹೆಸರಾದ ನಾಟಕ. ಅರ್ನ್‌ಸ್ಟ್ ಲ್ಯೂಬಿಟ್ಷ್ 1925ರಲ್ಲಿ ಅದನ್ನು ಮೂಕಿಯಾಗಿಸುವಾಗ ವೈಲ್ಡ್‌ನ ಆ ಪ್ರಸಿದ್ಧ ಮಾತುಗಳಲ್ಲಿ ಒಂದನ್ನೂ ತೆರೆಯ ಮೇಲೆ ಬರೆಸಲಿಲ್ಲ. ಯಾರು ಯಾರನ್ನು ನೋಡುತ್ತಿದ್ದಾರೆ, ಬೀಸಣಿಗೆ ಯಾರ ಕೈಯಲ್ಲಿದೆ ಎನ್ನುವುದರಿಂದಲೇ ಕಥೆ ಕಟ್ಟಿದರು.

‘ಮೃಚ್ಛಕಟಿಕ’ಕ್ಕೆ ಇದು ಇನ್ನೂ ಸಹಜವಾಗಿ ಒಗ್ಗುತ್ತದೆ. ಅದು ವಸ್ತುಗಳಿಂದ ನಡೆಯುವ ನಾಟಕ. ಮಲ್ಲಿಗೆಯ ಪರಿಮಳದ ಉತ್ತರೀಯ, ಒಡವೆಯ ಗಂಟು, ಮುತ್ತಿನ ಹಾರ, ಮಣ್ಣಿನ ಬಂಡಿ, ಒಂದೇ ಬಗೆಯ ಎರಡು ಗಾಡಿ, ಒಣಗಿದ ಎಲೆಗಳ ರಾಶಿ, ವಧೆಗೆ ಒಯ್ಯುವಾಗ ಕೊರಳಿಗೆ ಹಾಕುವ ಕೆಂಪು ಕಣಗಿಲೆ ಹಾರ. ಇಷ್ಟನ್ನು ವರಸೆಯಾಗಿ ತೋರಿಸಿದರೆ ಕಥೆಯ ಬೆನ್ನೆಲುಬು ಕಣ್ಣಿಗೇ ಕಾಣುತ್ತದೆ.

ಮೂರನೇ ಅಂಕದ ಕನ್ನಗಳ್ಳತನವನ್ನೇ ತೆಗೆದುಕೊಳ್ಳಿ. ಶರ್ವಿಲಕ ಕಳ್ಳ, ಆದರೆ ಶಾಸ್ತ್ರಬದ್ಧ ಕಳ್ಳ. ಗೋಡೆಯಲ್ಲಿ ಯಾವ ಆಕಾರದ ಕನ್ನ ಕೊರೆಯಬೇಕೆಂದು ಯೋಚಿಸಿ ಪೂರ್ಣಕುಂಭದ ಆಕಾರ ಆರಿಸಿಕೊಳ್ಳುತ್ತಾನೆ. ಅಳೆಯುವ ದಾರ ಮರೆತು ಬಂದಿದ್ದಾನೆ. ಜನಿವಾರ ತೆಗೆದು ಅದರಿಂದ ಅಳೆಯುತ್ತಾನೆ. ಬೆರಳಿಗೆ ಹಾವು ಕಚ್ಚಿದಾಗ ಅದೇ ಜನಿವಾರವನ್ನು ಬಿಗಿಯಾಗಿ ಕಟ್ಟುತ್ತಾನೆ. ಒಳಗೆ ನುಗ್ಗುವ ಮೊದಲು ಒಂದು ಬೊಂಬೆಯನ್ನು ಕನ್ನದೊಳಗೆ ತೂರಿಸಿ ಯಾರಾದರೂ ಎಚ್ಚರವಿದ್ದಾರೆಯೇ ಎಂದು ಪರೀಕ್ಷಿಸುತ್ತಾನೆ. ಹಳೆಯ ಬಾಗಿಲು ಕಿರುಗುಟ್ಟದಿರಲಿ ಎಂದು ನೀರು ಚಿಮುಕಿಸುತ್ತಾನೆ. ದೀಪ ಆರಿಸಲು ಹುಳವೊಂದನ್ನು ಹಾರಿಬಿಡುತ್ತಾನೆ.

ರಂಗದ ಮೇಲೆ ಶರ್ವಿಲಕ ಇದನ್ನೆಲ್ಲ ಬಾಯಿಬಿಟ್ಟು ಹೇಳಿಕೊಳ್ಳಬೇಕು. ಹಿಂದಿನ ಸಾಲಿನವರಿಗೆ ಜನಿವಾರದ ಎಳೆಯಾಗಲಿ, ಹುಳವಾಗಲಿ ಕಾಣುವುದಿಲ್ಲವಲ್ಲ. ಕ್ಯಾಮೆರಾ ಬಂದದ್ದೇ ಆ ಕೊರತೆ ನೀಗಿಸಲು. ಬೆರಳುಗಳ ಹತ್ತಿರ ಹೋಗಬಲ್ಲುದು, ದಾರವನ್ನು ತೆರೆ ತುಂಬ ತೋರಿಸಬಲ್ಲುದು. ಸದ್ದಾಗಬಾರದೆಂದು ಒದ್ದಾಡುವ ಕಳ್ಳನ ದೃಶ್ಯಕ್ಕೆ ಸದ್ದಿಲ್ಲದ ಮಾಧ್ಯಮಕ್ಕಿಂತ ಒಪ್ಪುವ ಜಾಗ ಇನ್ನಾವುದು?

ಹಾಗೆಯೇ ಐದನೇ ಅಂಕದ ಮಳೆ. ಶ್ಲೋಕದ ಮೇಲೆ ಶ್ಲೋಕ ಹೇಳಿ ಕವಿ ಕಟ್ಟುವ ಮೋಡ, ಮಿಂಚು, ನೆಂದ ಸೀರೆಯ ವಸಂತಸೇನೆ, ಇವು ಕ್ಯಾಮೆರಾಕ್ಕೆ ನೇರವಾಗಿ ದಕ್ಕುತ್ತವೆ. ಗಾಡಿ ಅದಲುಬದಲಾಗುವ ಪ್ರಸಂಗವೂ ಅಷ್ಟೇ. ಚಾರುದತ್ತನ ಗಾಡಿಯೆಂದು ತಿಳಿದು ವಸಂತಸೇನೆ ಶಕಾರನ ಗಾಡಿ ಹತ್ತುತ್ತಾಳೆ. ಸೆರೆಮನೆಯಿಂದ ತಪ್ಪಿಸಿಕೊಂಡ ಆರ್ಯಕ ಅವಳಿಗಾಗಿ ಬಂದ ಗಾಡಿಯಲ್ಲಿ ಅಡಗುತ್ತಾನೆ. ರಂಗದ ಮೇಲೆ ಎರಡು ಜೋಡಿ ಎತ್ತು ತರುವುದು ಕಷ್ಟ. ಸಿನಿಮಾಕ್ಕೆ ಬೀದಿಯೇ ರಂಗ.

ಕಳೆದುಕೊಂಡದ್ದೂ ಸಣ್ಣದಲ್ಲ. ನಾಟಕದಲ್ಲಿ ಒಬ್ಬೊಬ್ಬರದು ಒಂದೊಂದು ಬಗೆಯ ಮಾತು. ಪಂಡಿತರದು ಸಂಸ್ಕೃತ, ಹೆಂಗಸರು, ಕೆಲಸದವರು, ಜೂಜುಕೋರರದು ಬಗೆಬಗೆಯ ಪ್ರಾಕೃತ. ಶಕಾರ ರಾಮಾಯಣದವರನ್ನು ಮಹಾಭಾರತಕ್ಕೆ ತಂದು, ಅಲ್ಲಿಯವರನ್ನು ಇಲ್ಲಿಗೆ ಸೇರಿಸಿ ಪಾಂಡಿತ್ಯ ಮೆರೆಯುತ್ತಾನೆ. ಆ ನಗೆ ಕಿವಿಯದು. ಮೂಕಿಯಲ್ಲಿ ಶಕಾರ ತನ್ನ ದಡ್ಡತನವನ್ನು ನಡಿಗೆಯಲ್ಲಿ, ಉಡುಪಿನಲ್ಲಿ, ಗಲ್ಲ ಉಬ್ಬಿಸುವುದರಲ್ಲಿ ತೋರಿಸಬೇಕಾಗುತ್ತದೆ. ನಟನ ಮೇಲೆ ಬೀಳುವ ಭಾರ ದುಪ್ಪಟ್ಟು.

ತೆರೆಯ ಮುಂದಿನ ಸದ್ದು

ಮೂಕಿ ಎಂದ ಮಾತ್ರಕ್ಕೆ ಟೆಂಟಿನೊಳಗೆ ಮೌನವಿತ್ತು ಎಂದುಕೊಳ್ಳಬೇಡಿ. ತೆರೆಯ ಪಕ್ಕದಲ್ಲಿ ಹಾರ್ಮೋನಿಯಂ, ತಬಲಾ ಇರುತ್ತಿದ್ದವು. ಹೊಡೆದಾಟಕ್ಕೆ ಚುರುಕು ತಾಳ, ಅಗಲಿಕೆಗೆ ನಿಧಾನದ ರಾಗ. ಮಾತಿನ ಬದಲು ನಡುನಡುವೆ ಬರಹದ ಫಲಕಗಳು ಬರುತ್ತಿದ್ದವು, ಹಲವು ಸಲ ಎರಡು ಮೂರು ಭಾಷೆಗಳಲ್ಲಿ. ಓದು ಬಾರದವರೇ ಹೆಚ್ಚಿದ್ದ ಕಾಲ. ಆದ್ದರಿಂದ ಫಲಕವನ್ನು ಗಟ್ಟಿಯಾಗಿ ಓದಿ, ಊರ ಮಾತಿನಲ್ಲಿ ಬಿಡಿಸಿ ಹೇಳುವ ಒಬ್ಬರು ಇರುತ್ತಿದ್ದರು. ಅವರ ಬಾಯಲ್ಲಿ ಮುಂಬೈಯ ಚಿತ್ರವೂ ಕನ್ನಡವಾಗುತ್ತಿತ್ತು, ತಮಿಳಾಗುತ್ತಿತ್ತು.

ಹೀಗಾಗಿ ಮೂಕಿ ಚಿತ್ರಕ್ಕೆ ಗಡಿ ಇರಲಿಲ್ಲ. ಸಾಮಿಕಣ್ಣು ವಿನ್ಸೆಂಟ್ 1905ರಲ್ಲಿ ಫ್ರೆಂಚನೊಬ್ಬನಿಂದ ಪ್ರೊಜೆಕ್ಟರ್ ಕೊಂಡು ಟೆಂಟಿನೊಂದಿಗೆ ದಕ್ಷಿಣ ಭಾರತ ಸುತ್ತಿದರು. ಅಂಥವರ ಹಿಂದೆಯೇ ಊರೂರಿಗೆ ಸಿನಿಮಾ ಬಂತು. ಹಾದಿ ಮಾತ್ರ ಹೊಸದಲ್ಲ. ನಾಟಕ ಕಂಪನಿಗಳು ಕ್ಯಾಂಪ್ ಹಾಕುತ್ತಿದ್ದ ಊರು, ಅದೇ ಮೈದಾನ, ಅದೇ ಹಾರ್ಮೋನಿಯಂ.

ರೀಲಿನ ಲೆಕ್ಕ ಸರಳ. 35 ಮಿ.ಮೀ. ಫಿಲ್ಮಿನ ಒಂದು ಅಡಿಯಲ್ಲಿ 16 ಚೌಕಟ್ಟುಗಳು. ಕೈಯಲ್ಲಿ ತಿರುಗಿಸುವ ಕ್ಯಾಮೆರಾದ ಕಾಲದಲ್ಲಿ ಸೆಕೆಂಡಿಗೆ ಸುಮಾರು 16 ಚೌಕಟ್ಟು ಓಡಿಸುವುದು ರೂಢಿ. ಅಂದರೆ ಸಾವಿರ ಅಡಿಯ ಒಂದು ರೀಲು ಸುಮಾರು ಹದಿನೇಳು ನಿಮಿಷ. ರೀಲು ಬದಲಿಸುವಾಗ ತೆರೆ ಕತ್ತಲಾದರೂ ಹಾರ್ಮೋನಿಯಂ ನಿಲ್ಲುತ್ತಿರಲಿಲ್ಲ. ಜನರನ್ನು ಕೂರಿಸಿಡುವ ಹೊಣೆ ಅದರದು.

ಹೆಣ್ಣಿನ ಪಾತ್ರಕ್ಕೆ ಹೆಣ್ಣು

ಈ ಚಿತ್ರದ ತೂಕ ತಿಳಿಯಬೇಕಾದರೆ ಇನ್ನೊಂದು ಸಂಗತಿ ನೆನಪಿರಬೇಕು. 1913ರ ‘ರಾಜಾ ಹರಿಶ್ಚಂದ್ರ’ದಲ್ಲಿ ತಾರಾಮತಿಯಾದದ್ದು ಅಣ್ಣಾ ಸಾಳುಂಕೆ ಎಂಬ ಗಂಡಸು. ಹೆಣ್ಣುಮಕ್ಕಳು ಕ್ಯಾಮೆರಾದ ಮುಂದೆ ನಿಲ್ಲಲು ಒಪ್ಪುತ್ತಿರಲಿಲ್ಲ. ನಮ್ಮ ಕಂಪನಿ ನಾಟಕಗಳಲ್ಲಿಯೂ ಸ್ತ್ರೀಪಾತ್ರ ಬಹುಕಾಲ ಗಂಡಸರ ಪಾಲಾಗಿತ್ತು.

ಅಂಥ ಹೊತ್ತಿನಲ್ಲಿ ಓದು ಬರಹ ಬಲ್ಲ ಮನೆತನಗಳ ಇಬ್ಬರು ಹೆಣ್ಣುಮಕ್ಕಳು ಗಣಿಕೆಯೇ ನಾಯಕಿಯಾದ ಕಥೆಯಲ್ಲಿ ನಟಿಸಲು ಮುಂದೆ ಬಂದರು. ಕಮಲಾದೇವಿಯವರು ಬಾಲ್ಯದಲ್ಲೇ ವಿಧವೆಯಾಗಿ, ಮರುಮದುವೆಯಾಗಿ, ಚುನಾವಣೆಗೆ ನಿಂತು, ಚಳವಳಿ ಸೇರಿದವರು. ಅವರ ಮಟ್ಟಿಗೆ ತೆರೆಯ ಮೇಲೆ ಬರುವುದೂ ಅದೇ ದಾರಿಯ ಒಂದು ಹೆಜ್ಜೆ ಎಂದು ನನಗನ್ನಿಸುತ್ತದೆ. ಮುಂದೆ 1943ರಲ್ಲಿ ಕೆ.ಎಲ್. ಸೈಗಲ್ ಅಭಿನಯದ ‘ತಾನ್‌ಸೇನ್’ನಲ್ಲಿಯೂ ಅವರು ಕಾಣಿಸಿಕೊಂಡರು. ಮರ್ಯಾದಸ್ಥರ ಮನೆಯವರು ನಟಿಸಬಾರದು ಎಂಬ ಮಾತನ್ನು ವಾದದಿಂದ ಗೆಲ್ಲುವುದು ಕಷ್ಟ. ಅವರು ನಟಿಸಿಯೇ ಗೆದ್ದರು.

ಮಾತು ಬಂದ ವರ್ಷ

ಆದರೆ ಚಿತ್ರದ ಗಳಿಗೆ ಸರಿಯಿರಲಿಲ್ಲ. 1931ರ ಮಾರ್ಚ್ 14ರಂದು ಮುಂಬೈಯ ಮೆಜೆಸ್ಟಿಕ್‌ನಲ್ಲಿ ಅರ್ದೇಶಿರ್ ಇರಾನಿಯವರ ‘ಆಲಂ ಆರಾ’ ಬಿಡುಗಡೆಯಾಯಿತು. ತೆರೆ ಹಾಡತೊಡಗಿತು. ಜನ ಅತ್ತ ನುಗ್ಗಿದರು. ಮೂಕಿ ಕೆಲವೇ ವರ್ಷಗಳಲ್ಲಿ ಹಳೆಯದಾಯಿತು. ಅದೇ ಹೊತ್ತಿಗೆ ಗುಬ್ಬಿ ವೀರಣ್ಣನವರೂ ಮೂಕಿಗೆ ಕೈಹಾಕಿದ್ದರು. ಬೆಲ್ಜಿಯಂನ ರಾಫೆಲ್ ಅಲ್ಗೋಟ್ ನಿರ್ದೇಶಿಸಿದ ‘ಹಿಸ್ ಲವ್ ಅಫೇರ್’ನಲ್ಲಿ ವೀರಣ್ಣ ಮತ್ತು ಬಿ. ಜಯಮ್ಮ ನಟಿಸಿದರು. ಆ ಸಾಹಸಕ್ಕೂ ಕಾಲ ಒಲಿಯಲಿಲ್ಲ.

1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ‘ಸತಿ ಸುಲೋಚನಾ’ ತೆರೆಕಂಡು ಕನ್ನಡ ಸಿನಿಮಾ ಮಾತಾಡಿತು. ನಿರ್ದೇಶಕ ವೈ.ವಿ. ರಾವ್, ಸಂಭಾಷಣೆ, ಹಾಡು ಬೆಳ್ಳಾವೆ ನರಹರಿ ಶಾಸ್ತ್ರಿಗಳದು, ಎಂ.ವಿ. ಸುಬ್ಬಯ್ಯ ನಾಯ್ಡು, ತ್ರಿಪುರಾಂಬ, ಆರ್. ನಾಗೇಂದ್ರರಾಯರು ಮುಖ್ಯ ನಟರು. ಮೂಕಿಯವರಾಗಲಿ, ಮಾತಿನ ಚಿತ್ರದವರಾಗಲಿ, ಎಲ್ಲರ ಬೇರೂ ನಾಟಕದಲ್ಲಿಯೇ.

ಹತ್ತು ವರ್ಷದಲ್ಲಿ ವಸಂತಸೇನೆ ಮತ್ತೆ ಬಂದಳು, ಈ ಸಲ ಕನ್ನಡ ಮಾತಾಡುತ್ತಾ. 1941ರ ‘ವಸಂತಸೇನಾ’ವನ್ನು ರಾಮಯ್ಯರ್ ಶಿರೂರ್ ನಿರ್ದೇಶಿಸಿದರು. ಸುಬ್ಬಯ್ಯ ನಾಯ್ಡು, ಲಕ್ಷ್ಮೀಬಾಯಿ ನಟಿಸಿದರು. ಶಕಾರನಾಗಿ ನಾಗೇಂದ್ರರಾಯರು ಮೂಕಿಗೆ ದಕ್ಕದಿದ್ದ ಮಾತಿನ ನಗೆಯನ್ನು ತುಂಬಿಕೊಟ್ಟರು. 1984ರಲ್ಲಿ ಗಿರೀಶ ಕಾರ್ನಾಡರು ಶಶಿ ಕಪೂರ್ ನಿರ್ಮಾಣದ ‘ಉತ್ಸವ್’ನಲ್ಲಿ ಇದೇ ಕಥೆಯನ್ನು ಎತ್ತಿಕೊಂಡರು. ರೇಖಾ ವಸಂತಸೇನೆ, ಶಂಕರನಾಗ್ ಕಳ್ಳ. ಬನ್ನಂಜೆ ಗೋವಿಂದಾಚಾರ್ಯರು ನಾಟಕವನ್ನು ‘ಆವೆಯ ಮಣ್ಣಿನ ಆಟದ ಬಂಡಿ’ಯಾಗಿ ಕನ್ನಡಕ್ಕೆ ತಂದರು. ಅತ್ತ ನ್ಯೂಯಾರ್ಕಿನ ನೇಬರ್‌ಹುಡ್ ಪ್ಲೇಹೌಸ್ 1924ರಲ್ಲಿಯೇ ಇದನ್ನು ಇಂಗ್ಲಿಷಿನಲ್ಲಿ ಆಡಿತ್ತು.

ಉಳಿಯದೆ ಹೋದದ್ದೇಕೆ

ಇಷ್ಟೆಲ್ಲ ಹೇಳಿದ ಮೇಲೆ ಚಿತ್ರ ನೋಡೋಣವೆಂದರೆ 1931ರ ‘ವಸಂತಸೇನಾ’ ನಮಗೆ ಸಿಗುವುದಿಲ್ಲ. ಭಾರತದಲ್ಲಿ ತಯಾರಾದ ಮೂಕಿ ಚಿತ್ರಗಳು 1,300ಕ್ಕೂ ಹೆಚ್ಚು. ಇಂದು ಇಡಿಯಾಗಿಯೋ ತುಣುಕಾಗಿಯೋ ಉಳಿದವು ಮೂವತ್ತರ ಆಸುಪಾಸು.

ಮೊದಲ ಕಾರಣ ಫಿಲ್ಮಿನದೇ. ಆಗಿನದು ನೈಟ್ರೇಟ್ ಫಿಲ್ಮು. ಬೇಗ ಹೊತ್ತಿಕೊಳ್ಳುತ್ತದೆ, ಹೊತ್ತಿದರೆ ನೀರಿಗೂ ಆರದು. ಸೆಕೆ ಮತ್ತು ತೇವದಲ್ಲಿ ಮೊದಲು ಅಂಟಾಗಿ, ಆಮೇಲೆ ಪುಡಿಯಾಗುತ್ತದೆ. ಎರಡನೆಯದು ವ್ಯಾಪಾರ. ಮಾತಿನ ಚಿತ್ರ ಬಂದ ಮೇಲೆ ಮೂಕಿಗೆ ಬೆಲೆ ಉಳಿಯಲಿಲ್ಲ. ಹಳೆಯ ರೀಲುಗಳನ್ನು ಬೆಳ್ಳಿಗಾಗಿ ತೊಳೆದರು, ಕಸಕ್ಕೆ ಹಾಕಿದರು. ಮೂರನೆಯದು ತಡ. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಭಂಡಾರ ಶುರುವಾದದ್ದು 1964ರಲ್ಲಿ. ಭಂಡಾರದ ಪಿ.ಕೆ. ನಾಯರ್ ಊರೂರು ಅಲೆದು ಡಬ್ಬಿಗಳನ್ನು ಕೂಡಿಸುವ ಹೊತ್ತಿಗೆ ಹೆಚ್ಚಿನವು ಹೋಗಿಯಾಗಿತ್ತು. 2003ರಲ್ಲಿ ಪುಣೆಯಲ್ಲಿ ಹತ್ತಿದ ಬೆಂಕಿ ಉಳಿದಿದ್ದ ನೈಟ್ರೇಟ್ ರೀಲುಗಳಲ್ಲಿ ಬಹಳಷ್ಟನ್ನು ನುಂಗಿತು. ನಮ್ಮ ‘ಸತಿ ಸುಲೋಚನಾ’ವೂ ಉಳಿದಿಲ್ಲ.

ಉಳಿದವುಗಳ ಕಥೆಯೂ ಕಲಿಸುವಂಥದು. ಸಿ.ವಿ. ರಾಮನ್ ಪಿಳ್ಳೆಯವರ ಕಾದಂಬರಿಯಿಂದ ಮಾಡಿದ ಮಲಯಾಳದ ಮೂಕಿ ‘ಮಾರ್ತಾಂಡ ವರ್ಮ’ ಹಕ್ಕಿನ ವ್ಯಾಜ್ಯದಲ್ಲಿ ಸಿಕ್ಕಿ ಪ್ರದರ್ಶನ ನಿಂತಿತು. ರೀಲು ತಿರುವನಂತಪುರದ ಪುಸ್ತಕ ವ್ಯಾಪಾರಿಗಳ ವಶದಲ್ಲಿ ದಶಕಗಳ ಕಾಲ ಬಿದ್ದಿತ್ತು. ಹಾಗಾಗಿಯೇ ಉಳಿದು, 1970ರ ದಶಕದಲ್ಲಿ ಪುಣೆಗೆ ಸೇರಿತು. ಯಾರೋ ಒಬ್ಬರು ಬಿಸಾಡದೆ ಇಟ್ಟುಕೊಂಡಿದ್ದರೆ ಸಾಕು, ಒಂದು ಕಲಾಕೃತಿ ಬದುಕುತ್ತದೆ.

ನಮ್ಮ ಕೈಯಲ್ಲಿರುವುದು

ಸಿನಿಮಾ ನಾಟಕದಿಂದ ಮೊದಲು ಪಡೆದದ್ದು ಮೈ. ಧ್ವನಿ ಪಡೆದದ್ದು ಆಮೇಲೆ. ಆ ಮೊದಲ ಸಾಲದ ಪತ್ರ ‘ವಸಂತಸೇನಾ’. ಅದು ಕಳೆದುಹೋಗಿದೆ. ಸಾಲ ಕೊಟ್ಟ ಮನೆ ಮಾತ್ರ ಇನ್ನೂ ನಿಂತಿದೆ. ಹಾರನಹಳ್ಳಿ, ಹುಣಸೂರು, ಎಚ್.ಡಿ. ಕೋಟೆಯ ಕಡೆ ವರ್ಷವರ್ಷವೂ ಪೌರಾಣಿಕ ನಾಟಕ ಆಡುತ್ತಲೇ ಇದ್ದಾರೆ. ಮಾತು ಕೇಳದಿದ್ದರೂ ಕಥೆ ಕಾಣಿಸುವ ಆ ಅಭಿನಯ ಯಾವ ರೀಲಿನಲ್ಲಿಯೂ ಇಲ್ಲ. ಒಬ್ಬ ಕಲಾವಿದರು ಇನ್ನೊಬ್ಬರಿಗೆ ಹೇಳಿಕೊಟ್ಟಷ್ಟೇ ಉಳಿದಿದೆ.

ಅದರ ಕಾಗದಪತ್ರಗಳು ಮೂಕಿಯ ರೀಲಿಗಿಂತ ಗಟ್ಟಿಯೇನಲ್ಲ. ನಾಟಕದ ಮೇಷ್ಟ್ರುಗಳು ಕೈಯಲ್ಲಿ ಬರೆದುಕೊಂಡ ಪ್ರತಿ, ಯಾವ ಪದ್ಯಕ್ಕೆ ಯಾವ ಮಟ್ಟು ಎಂದು ಅಂಚಿನಲ್ಲಿ ಹಾಕಿಕೊಂಡ ಗುರುತು, ಪಾತ್ರಧಾರಿಗಳ ಹೆಸರಿರುವ ಕರಪತ್ರ, ಬಣ್ಣ ಹಚ್ಚಿಕೊಂಡು ತೆಗೆಸಿಕೊಂಡ ಫೋಟೊ. ಇವು ಅಟ್ಟದ ಮೇಲಿನ ಟ್ರಂಕುಗಳಲ್ಲಿವೆ, ಗೆದ್ದಲಿನ ದಾರಿಯಲ್ಲಿವೆ. ಮನೆ ಕೆಡವಿ ಕಟ್ಟುವಾಗ ಮೊದಲು ಒಲೆಗೆ ಹೋಗುವುದೂ ಇವೇ.

ಇದಕ್ಕೆ ಸರ್ಕಾರವನ್ನೇ ಕಾಯಬೇಕಿಲ್ಲ. ಊರಿನ ಹಿರಿಯ ಕಲಾವಿದರನ್ನು ಕೂರಿಸಿ ಅವರ ಪದ್ಯ, ಅಭಿನಯ ಎರಡನ್ನೂ ಮೊಬೈಲಿನಲ್ಲಿ ಹಿಡಿದಿಡಬಹುದು. ಕೈಪ್ರತಿಯ ಪುಟ ಪುಟವನ್ನೂ ಫೋಟೊ ತೆಗೆದು, ಊರು, ವರ್ಷ, ಪಾತ್ರಧಾರಿಯ ಹೆಸರು ಬರೆದು, ಶಾಲೆಯಲ್ಲೋ ಗ್ರಂಥಾಲಯದಲ್ಲೋ ಒಂದು ಪ್ರತಿ ಇಡಬಹುದು. ಮೈಸೂರಿನ ರಂಗಾಯಣ, ವಿಶ್ವವಿದ್ಯಾನಿಲಯ ದೂರವೇನಿಲ್ಲ. ಇನ್ನೊಂದು ಪ್ರತಿ ಅಲ್ಲಿಗೆ ತಲುಪಿಸಬಹುದು.

1931ರವರಿಗೆ ರೀಲು ಕಾಪಾಡುವ ದಾರಿ ತಿಳಿದಿರಲಿಲ್ಲ, ಅವರನ್ನು ದೂರುವಂತಿಲ್ಲ. ನಮಗೆ ದಾರಿಯೂ ಗೊತ್ತು, ಸಾಧನವೂ ಜೇಬಿನಲ್ಲಿದೆ. ಈ ವರ್ಷದ ನಾಟಕಕ್ಕೆ ಚಂದಾ ಎತ್ತುವಾಗ ಈ ಕೆಲಸವನ್ನೂ ಒಬ್ಬರಿಗೆ ಒಪ್ಪಿಸಿ.